ಬರಿಗೈಯಲ್ಲಿ ಬಂದವನು

ಚಲನಚಿತ್ರವನ್ನು ಕುರಿತು ಲೇಖನ ಬರೆಯುವ ಅಧಿಕಾರ ನನಗಿಲ್ಲ. ಹತ್ತನೆಯ ವಯಸ್ಸಿಗೆ ಊರು ಬಿಟ್ಟು ಮಠದ ಉಚಿತ ಪ್ರಸಾದನಿಲಯವನ್ನು ಸೇರಿ, ಅಲ್ಲಿಯೇ ಸಂಸ್ಕೃತ, ಹಳಗನ್ನಡಗಳನ್ನು ಕಲಿತು, ಮುಂದೆ ಮೂವತ್ತು ವರ್ಷಗಳಿಗೂ ಮಿಕ್ಕಿ ಕನ್ನಡ ಅಧ್ಯಾಪಕನಾಗಿ ದುಡಿದು ನಿವೃತ್ತನಾದ ನಾನು ಈವರೆಗೆ ನೋಡಿದ ಚಿತ್ರಗಳನ್ನು ಬೆರಳು ಮಡಿಚಿ ಎಣಿಸಬಹುದು. ಆದರೂ ಕಳೆದ ವರ್ಷ ಬೇಸಿಗೆಯಲ್ಲಿ ನೋಡಿದ ಒಂದು ಚಿತ್ರದ ವಿಷಯವನ್ನು ಓದುಗ ಬಂಧುಗಳ ಮುಂದೆ ಇಡಬೇಕೆಂದು ಮನಸ್ಸು ಒತ್ತಾಯಿಸುತ್ತಿದೆ. ದೂರದ ದೇಶದ ಆ ಚಿತ್ರ ನನ್ನ ಮನೆಯ ಒಂದು ಹಳೆಯ ತಪ್ಪನ್ನು ನನಗೆ ತೋರಿಸಿಕೊಟ್ಟಿತು.

ನನ್ನ ತಂಗಿಯ ಮಗಳು ಧಾರವಾಡದಲ್ಲಿ ಪತ್ರಿಕೋದ್ಯಮದ ವಿದ್ಯಾರ್ಥಿನಿ. ರಜೆಗೆ ಬಂದಾಗ ಅಭ್ಯಾಸದ ಸಲುವಾಗಿ ಆಫ್ರಿಕಾ ಖಂಡದ ಚಿತ್ರಗಳನ್ನು ತನ್ನ ಪುಟ್ಟ ಕಂಪ್ಯೂಟರಿನಲ್ಲಿ ನೋಡುತ್ತಿದ್ದಳು. ಒಂದು ಸಂಜೆ, "ಮಾಮಾ, ಈ ಲಿಪಿ ನೋಡ್ರಿ, ನಮ್ಮ ಕಾಗುಣಿತದಂಗ ಐತಿ" ಎಂದು ಕರೆದಳು. ಅಕ್ಷರವೆಂದರೆ ಮನಸೋಲುವ ನನ್ನ ದೌರ್ಬಲ್ಯ ಅವಳಿಗೆ ಗೊತ್ತು. ಅದು ಇಥಿಯೋಪಿಯಾ ದೇಶದ ಅಮ್ಹಾರಿಕ್ ಭಾಷೆಯ ಲಿಪಿ. ನಮ್ಮಲ್ಲಿ ಕ, ಕಾ, ಕಿ, ಕೀ ಎಂದು ವ್ಯಂಜನವು ಸ್ವರಕ್ಕೆ ತಕ್ಕಂತೆ ರೂಪ ಬದಲಿಸುವಂತೆ ಅಲ್ಲಿಯೂ ಒಂದೊಂದು ವ್ಯಂಜನಕ್ಕೆ ಏಳು ಸ್ವರಗಳ ಏಳು ರೂಪಗಳಿವೆ. ಚಿತ್ರದ ಹೆಸರು 'ತೇಜಾ'. ನಮ್ಮ ತೇಜಸ್ಸಿಗೂ ಅದಕ್ಕೂ ಸಂಬಂಧವಿಲ್ಲ. ಅವರ ಭಾಷೆಯಲ್ಲಿ ಇಬ್ಬನಿ ಎಂದರ್ಥ. ಅಕ್ಷರ ನೋಡಲು ಕುಳಿತವನು ಎರಡು ಗಂಟೆ ಇಪ್ಪತ್ತು ನಿಮಿಷಗಳ ಚಿತ್ರವನ್ನು ಪೂರ್ತಿ ನೋಡಿ ಎದ್ದೆ.

ಈ ಚಿತ್ರದ ನಿರ್ದೇಶಕರು ಹೈಲೆ ಗೆರಿಮಾ. ೧೯೪೬ರಲ್ಲಿ ಇಥಿಯೋಪಿಯಾದ ಗೊಂಡರ್ ಪಟ್ಟಣದಲ್ಲಿ ಜನಿಸಿದವರು. ತಂದೆ ನಾಟಕಕಾರರು. ೧೯೬೭ರಲ್ಲಿ ರಂಗಶಿಕ್ಷಣಕ್ಕೆಂದು ಅಮೆರಿಕೆಗೆ ಹೋದ ಗೆರಿಮಾ ಅಲ್ಲಿಯೇ ನೆಲೆನಿಂತು, ೧೯೭೫ರಿಂದ ವಾಷಿಂಗ್ಟನ್ನಿನ ಹೊವಾರ್ಡ್ ವಿಶ್ವವಿದ್ಯಾಲಯದಲ್ಲಿ ಚಲನಚಿತ್ರ ಕಲೆಯ ಅಧ್ಯಾಪಕರಾದರು. ದೊಡ್ಡ ಚಿತ್ರಸಂಸ್ಥೆಗಳ ಹಂಗಿಗೆ ಒಳಗಾಗದೆ ಸ್ವತಂತ್ರವಾಗಿ ಚಿತ್ರ ಮಾಡುವುದು ಅವರ ವ್ರತ. ೧೯೯೩ರ 'ಸಂಕೋಫಾ' ಎಂಬ ಅವರ ಚಿತ್ರವನ್ನು ಅಮೆರಿಕೆಯ ವಿತರಕರು ಕೈಗೆತ್ತಿಕೊಳ್ಳದಿದ್ದಾಗ, ತಾವೇ ಚಿತ್ರಮಂದಿರಗಳನ್ನು ಬಾಡಿಗೆಗೆ ಹಿಡಿದು ಊರೂರಿನಲ್ಲಿ ತೋರಿಸಿದರು. 'ತೇಜಾ' ಚಿತ್ರಕ್ಕೆ ಹಣ ಹೊಂದಿಸಲು ಅವರಿಗೆ ವರ್ಷಗಳೇ ಹಿಡಿದವು. ೨೦೦೮ರಲ್ಲಿ ಅದು ತೆರೆ ಕಂಡಾಗ ವೆನಿಸ್ ಚಿತ್ರೋತ್ಸವದಲ್ಲಿ ತೀರ್ಪುಗಾರರ ವಿಶೇಷ ಪ್ರಶಸ್ತಿಯೂ ಉತ್ತಮ ಚಿತ್ರಕಥೆಯ ಪ್ರಶಸ್ತಿಯೂ ದೊರೆತವು. ಮರುವರ್ಷ ಆಫ್ರಿಕಾದ ಚಿತ್ರಗಳಿಗಾಗಿಯೇ ಬುರ್ಕಿನಾ ಫಾಸೊ ದೇಶದಲ್ಲಿ ನಡೆಯುವ ದೊಡ್ಡ ಉತ್ಸವದಲ್ಲಿ ಅಗ್ರಪ್ರಶಸ್ತಿ ಬಂದಿತು. ಊರು ಬಿಟ್ಟು ನಾಲ್ಕು ದಶಕ ಕಳೆದವರೊಬ್ಬರು ಊರಿಗೆ ಮರಳಿದವನ ಕಥೆಯನ್ನು ಹೇಳಿದ್ದಾರೆ ಎಂಬುದನ್ನು ಗಮನಿಸಬೇಕು.

ಕಥೆ ನಡೆಯುವುದು ತಾನಾ ಸರೋವರದ ದಡದ ಒಂದು ಹಳ್ಳಿಯಲ್ಲಿ. ನೀಲಿ ನೈಲ್ ನದಿ ಹುಟ್ಟುವುದು ಇದೇ ಸರೋವರದಲ್ಲಿ. ಅದರ ದ್ವೀಪಗಳಲ್ಲಿ ಶತಮಾನಗಳಷ್ಟು ಹಳೆಯ ಕ್ರೈಸ್ತ ಸನ್ಯಾಸಿಮಠಗಳಿವೆ. ೧೯೯೦ರಲ್ಲಿ ಅನ್ಬರ್ಬರ್ ಎಂಬ ನಡುವಯಸ್ಸಿನ ವಿದ್ಯಾವಂತ ಈ ಹಳ್ಳಿಗೆ ಹಿಂದಿರುಗುತ್ತಾನೆ. ವೈದ್ಯವಿಜ್ಞಾನ ಕಲಿಯಲು ತರುಣನಾಗಿದ್ದಾಗ ಜರ್ಮನಿಗೆ ಹೋದವನು ಅವನು. ಈಗ ಅವನಿಗೆ ಒಂದು ಕಾಲಿಲ್ಲ. ಕೃತಕ ಕಾಲಿನ ಮೇಲೆ ಕುಂಟುತ್ತ ಬರುತ್ತಾನೆ. ಆ ಕಾಲು ಹೇಗೆ ಹೋಯಿತೆಂಬುದೂ ಅವನ ನೆನಪಿನಲ್ಲಿ ಮಬ್ಬಾಗಿದೆ. ರಾತ್ರಿ ದುಃಸ್ವಪ್ನಗಳಿಂದ ಚೀರಿ ಏಳುತ್ತಾನೆ. ಪರದೇಶದಲ್ಲಿ ಕಲಿತು ಬಂದ ಮಗ ಊರನ್ನು ಉದ್ಧರಿಸುತ್ತಾನೆ ಎಂದುಕೊಂಡವರಿಗೆ ಈ ಮೌನಿಯಾದ ಅಂಗವಿಕಲನನ್ನು ಏನು ಮಾಡಬೇಕೋ ತಿಳಿಯುವುದಿಲ್ಲ.

ಅವನ ಹಿಂದಿನ ಬದುಕು ತುಣುಕು ತುಣುಕಾಗಿ ನಮಗೆ ಗೋಚರಿಸುತ್ತದೆ. ಅದನ್ನು ಅರಿಯಲು ಆ ದೇಶದ ಇತಿಹಾಸ ತುಸು ತಿಳಿದಿರಬೇಕು. ೧೯೭೪ರಲ್ಲಿ ಚಕ್ರವರ್ತಿ ಹೈಲೆ ಸೆಲಾಸಿ ಪದಚ್ಯುತನಾಗಿ ಸೈನಿಕರ ಮಂಡಲಿಯೊಂದು ಅಧಿಕಾರ ಹಿಡಿಯಿತು. ಪರದೇಶಗಳಲ್ಲಿದ್ದ ಇಥಿಯೋಪಿಯಾದ ವಿದ್ಯಾರ್ಥಿಗಳು ಸಮಾನತೆಯ ಯುಗ ಬಂದಿತೆಂದು ಹಿಗ್ಗಿದರು. ಅನ್ಬರ್ಬರನೂ ಅವನ ಗೆಳೆಯ ತೆಸ್ಫಾಯೆಯೂ ಅಂಥವರೇ. ಆದರೆ ಕರ್ನಲ್ ಮೆಂಗಿಸ್ತು ಹೈಲೆ ಮರಿಯಮ್ಮನ ಆಳ್ವಿಕೆಯಲ್ಲಿ, ವಿಶೇಷವಾಗಿ ೧೯೭೭-೭೮ರಲ್ಲಿ, ಸಹಸ್ರಾರು ವಿದ್ಯಾವಂತ ತರುಣರು ಕೊಲೆಯಾದರು. ದೇಶಸೇವೆಗೆಂದು ಮರಳಿದ ಗೆಳೆಯರಿಬ್ಬರೂ ಈ ಸುಳಿಗೆ ಸಿಕ್ಕಿದರು. ತೆಸ್ಫಾಯೆ ಉದ್ರಿಕ್ತ ಗುಂಪಿನ ಕೈಯಲ್ಲಿ ಸತ್ತನು. ಅವನ ಪುಟ್ಟ ಮಗ ಜರ್ಮನಿಯಲ್ಲಿ ತಂದೆಯಿಲ್ಲದೆ ಬೆಳೆದನು. ಮತ್ತೆ ಜರ್ಮನಿಗೆ ಹೋದ ಅನ್ಬರ್ಬರನನ್ನು ಅಲ್ಲಿಯ ವರ್ಣದ್ವೇಷಿ ಯುವಕರು ಹಿಡಿದು ಬಡಿದು ಕಿಟಕಿಯಿಂದ ಹೊರಗೆಸೆದರು. ಅವನ ಕಾಲು ಹೋದುದು ಹೀಗೆ. ಸ್ವದೇಶದಲ್ಲಿ ಸ್ವಜನರೇ ಹೊಡೆದರು. ಪರದೇಶದಲ್ಲಿ ಚರ್ಮದ ಬಣ್ಣಕ್ಕಾಗಿ ಹೊಡೆದರು. ಅವನಿಗೆ ಉಳಿದದ್ದು ಹುಟ್ಟಿದ ಹಳ್ಳಿಯೊಂದೇ.

ಆ ಹಳ್ಳಿಯಾದರೂ ನೆಮ್ಮದಿಯಿಂದಿದೆಯೇ? ಅಂತರ್ಯುದ್ಧಕ್ಕೆ ಸೈನಿಕರು ಬೇಕೆಂದು ಸರ್ಕಾರದ ಪಡೆ ಹುಡುಗರನ್ನು ಹಿಡಿದೊಯ್ಯುತ್ತಿದೆ. ಮೀಸೆ ಮೂಡದ ಮಕ್ಕಳು ಗುಹೆಗಳಲ್ಲಿ ಅಡಗಿ ಕುಳಿತಿದ್ದಾರೆ. ಬೆಟ್ಟದ ಮೇಲೆ ಇಟಲಿಯ ದಾಳಿಯ ಕಾಲದ ಸ್ಮಾರಕ ನಿಂತಿದೆ. ಒಂದು ಯುದ್ಧದ ನೆನಪಿನ ನೆರಳಿನಲ್ಲಿಯೇ ಇನ್ನೊಂದು ಯುದ್ಧ ಮಕ್ಕಳನ್ನು ನುಂಗುತ್ತಿದೆ. ಇದರ ನಡುವೆ ಮಂಕಾಗಿ ಕುಳಿತ ಮಗನಿಗೆ ಏನೋ ಸೋಕಿದೆಯೆಂದು ಬಗೆದು, ಪಾದ್ರಿಗಳಿಂದ ಅವನ ಮೇಲೆ ಪವಿತ್ರ ಜಲ ಸುರಿಸುತ್ತಾರೆ. ತಣ್ಣೀರಿನ ಆ ಹೊಡೆತಕ್ಕೆ ಅವನ ದೇಹ ನಡುಗುವುದನ್ನು ಕಂಡಾಗ ನನಗೆ ನಗೆ ಬರಲಿಲ್ಲ. ರೋಗ ಯಾವುದೆಂದು ತಿಳಿಯದಿದ್ದರೂ ತಮಗೆ ತಿಳಿದ ಒಂದೇ ಔಷಧವನ್ನು ಅವರು ಕೊಡುತ್ತಿದ್ದರು.

ಈ ಚಿತ್ರದಲ್ಲಿ ನನ್ನ ಮನಸ್ಸನ್ನು ಹಿಡಿದು ನಿಲ್ಲಿಸಿದವಳು ಅವನ ವೃದ್ಧ ತಾಯಿ. ಊರಿಗೆ ಊರೇ ಅವನಿಂದ ಏನನ್ನೋ ಬಯಸುತ್ತದೆ. ತಾಯಿಗೆ ಅವನು ಬಂದುದೇ ಸಾಕು. ಊರು ಹೊರಹಾಕಿದ ಅಜಾನು ಎಂಬ ಹೆಂಗಸಿಗೂ ಆ ಮುದುಕಿ ತನ್ನ ಮನೆಯಲ್ಲಿ ಆಶ್ರಯ ಕೊಟ್ಟಿದ್ದಾಳೆ. ಆ ಹೆಂಗಸಿನ ಹಿಂದೆ ಒಂದು ಘೋರ ದುಃಖವೂ ಒಂದು ಘೋರ ಅಪರಾಧವೂ ಇವೆ. ಅವಳನ್ನು ಮನೆಯಲ್ಲಿರಿಸಿಕೊಳ್ಳುವಾಗಲೂ ಮುದುಕಿ ಲೆಕ್ಕ ಹಾಕಲಿಲ್ಲ. ಮುರಿದ ಈ ಇಬ್ಬರೂ ಒಂದೇ ಸೂರಿನ ಕೆಳಗೆ ಒಬ್ಬರನ್ನೊಬ್ಬರು ಅರಿತು ಹತ್ತಿರವಾಗುತ್ತಾರೆ. ಕೊನೆಗೆ ಅವರಿಗೊಂದು ಮಗು ಹುಟ್ಟುತ್ತದೆ. ಅನ್ಬರ್ಬರ್ ಹಳ್ಳಿಯ ಮಕ್ಕಳಿಗೆ ಪಾಠ ಹೇಳುವ ಮೇಷ್ಟ್ರಾಗುತ್ತಾನೆ. ದೇಶವನ್ನೇ ಬದಲಿಸಹೊರಟವನ ಕೈಗೆ ಕಟ್ಟಕಡೆಗೆ ಬಂದದ್ದು ಹಳ್ಳಿಯ ಒಂದು ಶಾಲೆ. ಅದನ್ನು ಹಿಡಿದ ಮೇಲೆ ಅವನ ಮುಖ ತಿಳಿಯಾಗುತ್ತದೆ.

ಚಿತ್ರ ಮುಗಿದ ಮೇಲೆ ನಾನು ಸುಮ್ಮನೆ ಕುಳಿತಿದ್ದೆ. ಸೋದರಸೊಸೆ ಕಂಪ್ಯೂಟರನ್ನು ಮುಚ್ಚುತ್ತ, "ಮಾಮಾ, ನನಗ ಪುಣೆದ ಸಣ್ಣ ಮಾಮಾನ ನೆನಪಾತು" ಎಂದಳು. ನನಗೂ ಅದೇ ನೆನಪು ಬಂದಿತ್ತು. ಹೇಳುವ ಧೈರ್ಯ ಇರಲಿಲ್ಲ.

ನನ್ನ ತಮ್ಮ ನನಗಿಂತ ಆರು ವರ್ಷ ಚಿಕ್ಕವನು. ನಾನು ಮಠ ಸೇರಿದಾಗ ಅವನು ಅಂಗಳದಲ್ಲಿ ಆಡುವ ಕೂಸು. ನನಗೆ ಓದು ಒಲಿಯಿತು, ಅವನಿಗೆ ಕೈಕೆಲಸ ಒಲಿಯಿತು. ವಿದ್ಯುತ್ ಕೆಲಸದಲ್ಲಿ ಐ.ಟಿ.ಐ. ಮುಗಿಸಿ, ಎರಡು ಮೂರು ಕಡೆ ದುಡಿದು, ೧೯೯೧ರಲ್ಲಿ ಮಸ್ಕತ್ತಿಗೆ ಹೋದನು. ಅಲ್ಲಿ ಕಟ್ಟಡ ಗುತ್ತಿಗೆಯ ಸಂಸ್ಥೆಯೊಂದರಲ್ಲಿ ಹದಿನೆಂಟು ವರ್ಷ ದುಡಿದನು. ಎರಡು ವರ್ಷಕ್ಕೊಮ್ಮೆ ಒಂದು ತಿಂಗಳ ರಜೆ. ಹೆಂಡತಿಯೂ ಮಗಳೂ ನಮ್ಮ ಕೂಡುಕುಟುಂಬದಲ್ಲಿಯೇ ಇದ್ದರು. ನನ್ನ ಮಕ್ಕಳು ಅವನನ್ನು ಕಾಕಾ ಎಂದು ಕರೆಯುತ್ತಿದ್ದುದನ್ನು ಕೇಳಿ, ಒಂದು ಸಲದ ರಜೆಯಲ್ಲಿ ಅವನ ಮಗಳೂ ಅವನನ್ನು "ಕಾಕಾ" ಎಂದಳು. ಮನೆಯವರೆಲ್ಲರೂ ನಕ್ಕೆವು. ಅವನೂ ನಕ್ಕನು. ಜರ್ಮನಿಯಲ್ಲಿ ತಂದೆಯಿಲ್ಲದೆ ಬೆಳೆದ ಆ ಹುಡುಗನನ್ನು ಚಿತ್ರದಲ್ಲಿ ನೋಡುವಾಗ ನನ್ನ ಕಿವಿಯಲ್ಲಿ ಆ ನಗೆ ಮತ್ತೆ ಕೇಳಿಸಿತು.

ಅವನು ಕಳಿಸಿದ ಹಣದಿಂದ ನಮ್ಮ ಮಣ್ಣಿನ ಮಾಳಿಗೆ ಹೋಗಿ ಆರ್.ಸಿ.ಸಿ. ಮನೆಯಾಯಿತು. ತಂಗಿಯ ಮದುವೆಯಾಯಿತು. ಹೊಲದ ಸಾಲ ತೀರಿತು. ಇನ್ನೊಂದು ಮಾತನ್ನು ಮುಚ್ಚಿಡದೆ ಹೇಳಬೇಕು. ನನ್ನ ಮೊದಲ ಪುಸ್ತಕವನ್ನು ಅಚ್ಚು ಹಾಕಿಸಲು ಹಣ ಕೊಟ್ಟವನೂ ಅವನೇ. ಅರ್ಪಣೆಯ ಪುಟದಲ್ಲಿ ನಾನು ಗುರುಗಳ ಹೆಸರನ್ನು ಬರೆದೆ. ಅದು ಯುಕ್ತವೇ. ಆದರೆ ಮುನ್ನುಡಿಯ ಕೃತಜ್ಞತೆಯ ಸಾಲುಗಳಲ್ಲಿ ಕರಡು ತಿದ್ದಿದವರ ಹೆಸರಿದೆ, ರಕ್ಷಾಪುಟ ಬರೆದವರ ಹೆಸರಿದೆ, ತಮ್ಮನ ಹೆಸರಿಲ್ಲ. ಮನೆಯವನಿಗೆ ಕೃತಜ್ಞತೆ ಹೇಳುವುದು ಪರಕೀಯವಾಗುತ್ತದೆ ಎಂದು ಆಗ ನನ್ನನ್ನು ನಾನೇ ಸಮಾಧಾನಪಡಿಸಿಕೊಂಡಿದ್ದೆ.

೨೦೦೮ರಲ್ಲಿ ಜಗತ್ತಿನ ಹಣಕಾಸಿನ ವ್ಯವಸ್ಥೆ ಕುಸಿದು, ಮರುವರ್ಷ ಕೊಲ್ಲಿ ದೇಶಗಳ ಎಷ್ಟೋ ಕಟ್ಟಡಗಳ ಕೆಲಸ ನಿಂತಾಗ ತಮ್ಮನ ಕೆಲಸವೂ ಹೋಯಿತು. ಕೊನೆಯ ಕೆಲವು ತಿಂಗಳ ಸಂಬಳವೂ ಅವನ ಕೈಸೇರಲಿಲ್ಲ. ಭಾದ್ರಪದದ ಒಂದು ಸಂಜೆ, ಮುಂಚಿತವಾಗಿ ತಿಳಿಸದೆ, ಒಂದು ಪೆಟ್ಟಿಗೆ ಹಿಡಿದುಕೊಂಡು ಬಸ್ಸಿನಿಂದ ಇಳಿದು ಮನೆಗೆ ಬಂದನು. ಹಿಂದಿನ ರಜೆಗಳಲ್ಲಿ ಬಂದಾಗ ಅವನ ಸುತ್ತ ಓಣಿಯೇ ನೆರೆಯುತ್ತಿತ್ತು. ಆ ಸಂಜೆ ಪಡಸಾಲೆಯಲ್ಲಿ ಕುಳಿತವರು ಪೆಟ್ಟಿಗೆಯ ಕಡೆಗೊಮ್ಮೆ, ಅವನ ಮುಖದ ಕಡೆಗೊಮ್ಮೆ ನೋಡಿ ಬೇಗ ಎದ್ದುಹೋದರು.

ನಮ್ಮ ಅವ್ವ ಆಗ ಇದ್ದಳು. ಅವಳು ಏನನ್ನೂ ಕೇಳಲಿಲ್ಲ. ಹಂಡೆಗೆ ಉರಿ ಹಾಕಿ ನೀರು ಕಾಯಿಸಿದಳು. ಬಿಸಿ ರೊಟ್ಟಿ ಬಡಿದು, ಬದನೆಕಾಯಿ ಪಲ್ಯ, ಗುರೆಳ್ಳು ಚಟ್ನಿ ಬಡಿಸಿದಳು. ಅವನು ಎರಡನೆಯ ರೊಟ್ಟಿ ಮುರಿಯುತ್ತಿದ್ದಾಗ ಎದುರು ಕುಳಿತಿದ್ದ ನಾನು ಕೇಳಿದೆ: "ಕೈಯಾಗ ಎಷ್ಟು ಉಳಿಸಿಕೊಂಡು ಬಂದಿ? ಮುಂದ ಹೆಂಗ ಮಾಡಾಂವ?" ದನಿಯಲ್ಲಿ ಕೋಪವಿರಲಿಲ್ಲ. ಹಿರಿಯನಾದವನು ಕೇಳಬೇಕಾದ ಪ್ರಶ್ನೆಯೆಂದೇ ಕೇಳಿದ್ದೆ. ಅವನು ಮುರಿದ ತುತ್ತನ್ನು ಗಂಗಾಳದಲ್ಲಿಯೇ ಬಿಟ್ಟನು. ಅವ್ವ ನನ್ನನ್ನು ನೋಡಿದ ನೋಟ ಇಂದಿಗೂ ಕಣ್ಣಮುಂದಿದೆ.

ಇನ್ನೊಂದು ಸಂಗತಿ ಇದಕ್ಕಿಂತ ಚಿಕ್ಕದು. ಆದರೆ ಈಗ ಅದೇ ನನ್ನನ್ನು ಹೆಚ್ಚು ಕಾಡುತ್ತದೆ. ಬಂದ ನಾಲ್ಕನೆಯ ದಿನ ತಮ್ಮ ಮನೆಯ ವೈರುಗಳನ್ನೆಲ್ಲ ಪರೀಕ್ಷಿಸಿ, "ಅಣ್ಣಾ, ಇವು ಬಾಳ ಹಳೇವಾಗ್ಯಾವ. ನಾ ಎಲ್ಲಾ ಹೊಸದು ಎಳೀತೀನಿ" ಎಂದನು. ನಾನು, "ನೀ ಯಾಕ ಏಣಿ ಹತ್ತತಿ? ಮಂದಿ ಏನಂದಾರು? ಬೇಕಾದರ ಕೆಲಸದವರನ್ನ ಕರಿಸಿದರಾತು" ಎಂದೆ. ಪರದೇಶದಿಂದ ಬಂದವನು ಏಣಿ ಹತ್ತಿ ವೈರು ಎಳೆಯುತ್ತಿದ್ದರೆ ಓಣಿಯವರ ಎದುರು ಮನೆತನದ ಮರ್ಯಾದೆ ಏನಾದೀತು ಎಂಬುದು ನನ್ನ ಚಿಂತೆ. ಅವನು ತೆಗೆದಿದ್ದ ಟೆಸ್ಟರು, ಇಕ್ಕಳಗಳನ್ನು ಮತ್ತೆ ಪೆಟ್ಟಿಗೆಯಲ್ಲಿಟ್ಟನು. ಅವನಲ್ಲಿ ಕೊಡಲು ಉಳಿದಿದ್ದುದು ಅದೊಂದೇ ಎಂಬುದು ನನಗೆ ಹೊಳೆಯಲೇ ಇಲ್ಲ. ಕಾಯಕವನ್ನು ಕುರಿತು ಸಭೆಗಳಲ್ಲಿ ಗಂಟೆಗಟ್ಟಲೆ ಮಾತನಾಡಿದವನು ನಾನು. ಒಡಹುಟ್ಟಿದವನ ಕಾಯಕವನ್ನು ನನ್ನ ಮನೆಯ ಬಾಗಿಲಲ್ಲಿಯೇ ತಡೆದೆ.

ಒಂಬತ್ತು ತಿಂಗಳ ನಂತರ ಅವನು ಹೆಂಡತಿ, ಮಗಳನ್ನು ಕರೆದುಕೊಂಡು ಪುಣೆಗೆ ಹೋದನು. ಜಗಳವಾಗಲಿಲ್ಲ, ಪಾಲು ಕೇಳಲಿಲ್ಲ. ೨೦೧೪ರಲ್ಲಿ ಅವ್ವ ಲಿಂಗೈಕ್ಯಳಾದಾಗ ಬಂದು, ಮಣ್ಣು ಕೊಟ್ಟು, ಮೂರನೆಯ ದಿನ ಹೊರಟುಹೋದನು. ಆಮೇಲೆ ಯುಗಾದಿಗೊಮ್ಮೆ, ದೀಪಾವಳಿಗೊಮ್ಮೆ ದೂರವಾಣಿಯ ಮಾತು. "ಆರಾಮ ಇದ್ದೀರೇನು ಅಣ್ಣಾ?" "ಆರಾಮ ಇದ್ದೀವಿ. ನೀವು?" ಅಷ್ಟೇ. ಹತ್ತು ವರ್ಷ ನಾನು ಇದನ್ನೇ ಸಂಬಂಧವೆಂದು ಭಾವಿಸಿದ್ದೆ.

ನಾನು ಹೀಗೇಕೆ ವರ್ತಿಸಿದೆ ಎಂದು ಆ ರಾತ್ರಿ ಆಲೋಚಿಸಿದೆ. ಬಾಲ್ಯದಲ್ಲಿ ದಸರೆಯ ರಜೆಗೆ ಮಠದಿಂದ ಊರಿಗೆ ಬಂದಾಗ ಹಿರಿಯರು ನನ್ನನ್ನು ಕಟ್ಟೆಯ ಮೇಲೆ ಕೂರಿಸಿ, "ಏನ್ ಕಲ್ತು ಬಂದೀಯೋ ತಮ್ಮಾ, ಹೇಳು ನೋಡೋಣ" ಎನ್ನುತ್ತಿದ್ದರು. ನಾನು ಕಂಠಪಾಠ ಒಪ್ಪಿಸುತ್ತಿದ್ದೆ. ಅವರು ಬೆನ್ನು ತಟ್ಟುತ್ತಿದ್ದರು. ಪ್ರತಿ ಸಲವೂ ನಾನು ಏನನ್ನಾದರೂ ಹೊತ್ತುಕೊಂಡೇ ಊರಿಗೆ ಬಂದವನು. ಬರಿಗೈಯಲ್ಲಿ ಹೊಸ್ತಿಲು ದಾಟುವವನ ಎದೆಯಲ್ಲಿ ಏನಿರುತ್ತದೆಂಬುದು ನನ್ನ ಅನುಭವಕ್ಕೆ ಬಂದಿರಲಿಲ್ಲ. ಅದಕ್ಕೆ ಆಫ್ರಿಕಾದ ಒಬ್ಬ ಕುಂಟ ಮೇಷ್ಟ್ರ ಕಥೆ ಬೇಕಾಯಿತು.

ಗೆರಿಮಾ ತಮ್ಮ ಚಿತ್ರಕ್ಕೆ ಇಬ್ಬನಿಯ ಹೆಸರನ್ನಿಟ್ಟುದರ ಬಗ್ಗೆಯೂ ಯೋಚಿಸಿದೆ. ಇಬ್ಬನಿ ಬೆಳಗಿನ ಜಾವ ಹುಲ್ಲಿನ ಮೇಲೆ ಕೂಡುತ್ತದೆ, ಬಿಸಿಲೇರಿದರೆ ಇಲ್ಲವಾಗುತ್ತದೆ. ಮರಳಿ ಬಂದವನ ಮನಸ್ಸೂ ಹಾಗೆಯೇ. ಮೊದಲ ಕೆಲವು ದಿನ ಅವನು ತನ್ನವರ ನಡುವೆ ಬೇರೂರಲು ಹಾತೊರೆಯುತ್ತಾನೆ. ಆ ಹೊತ್ತಿನಲ್ಲಿ ನಾವು ಲೆಕ್ಕದ ಬಿಸಿಲನ್ನು ಹಾಯಿಸಿದರೆ ಆ ತೇವ ಆರಿಹೋಗುತ್ತದೆ. ಮತ್ತೆ ಆ ಬೆಳಗು ಬರುವುದು ಎಂದೋ. ಇದು ನಾನು ಮಾಡಿಕೊಂಡ ಅರ್ಥ. ನಿರ್ದೇಶಕರ ಮನಸ್ಸಿನಲ್ಲಿದ್ದುದು ಬೇರೆಯೇ ಇರಬಹುದು.

ಮರುದಿನ ಬೆಳಿಗ್ಗೆ ಪೂಜೆ ಮುಗಿಸಿ ತಮ್ಮನಿಗೆ ದೂರವಾಣಿ ಮಾಡಿದೆ. ಹಬ್ಬವಲ್ಲದ ದಿನ ಅಣ್ಣನ ಕರೆ ಬಂದುದಕ್ಕೆ ಅವನು ಗಾಬರಿಯಾಗಿ, "ಯಾಕ ಅಣ್ಣಾ, ಯಾರಿಗಾರ ಏನಾರ ಆಗೇತೇನು?" ಎಂದನು. ಕ್ಷಮೆ ಕೇಳಬೇಕೆಂದು ರಾತ್ರಿಯೆಲ್ಲ ಮಾತು ಜೋಡಿಸಿಕೊಂಡಿದ್ದೆ. ಒಂದೂ ಬಾಯಿಗೆ ಬರಲಿಲ್ಲ. ಕಡೆಗೆ ಹೇಳಿದ್ದಿಷ್ಟು: "ಮನಿ ವೈರಿಂಗ್ ಭಾಳ ಹಳೇದಾಗೇತಿ. ನೀ ಬಂದು ನೋಡಬೇಕು. ಬ್ಯಾರೇದವರ ಕೈಲೆ ಮಾಡಸಾಂವ ಅಲ್ಲ ನಾ."

ಆ ಕಡೆ ಬಹಳ ಹೊತ್ತು ಮಾತಿಲ್ಲ. ಸಂಪರ್ಕ ಕಡಿಯಿತೇನೋ ಎಂದುಕೊಂಡೆ. ಆಮೇಲೆ ಅವನು ಕೇಳಿದನು: "ಮೇನ್ ಸ್ವಿಚ್ ಇನ್ನೂ ಆ ಕಟ್ಟಿಗಿ ಹಲಗಿ ಮ್ಯಾಲೇ ಐತೇನು ಅಣ್ಣಾ?"

"ಅಲ್ಲೇ ಐತಿ" ಎಂದೆ.

"ಅದನ್ನ ಮೊದಲು ತಗೀಬೇಕು" ಎಂದನು.

ಶ್ರಾವಣದಲ್ಲಿ ಬಂದನು. ಆರು ದಿನ ಇದ್ದನು. ಅವನು ಏಣಿಯ ಮೇಲೆ, ನಾನು ಕೆಳಗೆ ಏಣಿ ಹಿಡಿದು ನಿಂತವನು. ಕೂದಲು ನೆರೆತ ಇಬ್ಬರು ಮುದುಕರ ಈ ಸಂಭ್ರಮ ನೋಡಲು ಓಣಿಯ ಮಂದಿ ಇಣುಕಿದರು. ಪಕ್ಕದ ಮನೆಯವರು ತಮ್ಮ ಮೋಟರಿನ ಸ್ಟಾರ್ಟರನ್ನು ತಂದು, "ಇದನ್ನೊಂದೀಟು ನೋಡ್ರಿ" ಎಂದರು. ಅದನ್ನು ಬಿಚ್ಚಿ ಕುಳಿತಾಗ ಅವನ ಮುಖದಲ್ಲಿ ಕಂಡ ತಿಳಿವನ್ನು ನಾನು ಆ ಚಿತ್ರದ ಕೊನೆಯಲ್ಲಿ ಕಂಡಿದ್ದೆ. ಏಳನೆಯ ದಿನ ಪುಣೆಗೆ ಮರಳಿದನು. ಅಲ್ಲಿ ಅವನ ಮಗಳ ಸಂಸಾರವಿದೆ, ಅವನ ಬದುಕಿದೆ. ಇಲ್ಲಿಯೇ ಇರು ಎಂದು ಒತ್ತಾಯಿಸುವ ಹಕ್ಕನ್ನು ನಾನು ೨೦೦೯ರಲ್ಲಿಯೇ ಕಳೆದುಕೊಂಡಿದ್ದೇನೆ. ಪಡಸಾಲೆಯ ದೀಪದ ಗುಂಡಿ ಒತ್ತಿದಾಗಲೆಲ್ಲ ಅವನ ನೆನಪಾಗುತ್ತದೆ.

ಈ ಪತ್ರಿಕೆಯನ್ನು ಓದುವ ಎಷ್ಟೋ ಮನೆಗಳ ಮಕ್ಕಳು ಇಂದು ಅಮೆರಿಕೆಯಲ್ಲಿದ್ದಾರೆ, ಕೊಲ್ಲಿ ದೇಶಗಳಲ್ಲಿದ್ದಾರೆ, ಬೆಂಗಳೂರು, ಪುಣೆ, ಮುಂಬಯಿಗಳಲ್ಲಿದ್ದಾರೆ. ಗೆದ್ದು ಬರುವವರನ್ನು ಹೇಗೆ ಸ್ವಾಗತಿಸಬೇಕೆಂದು ಯಾರೂ ಯಾರಿಗೂ ಕಲಿಸಬೇಕಾಗಿಲ್ಲ. ಸೋತು ಬರುವವನು ಒಂದು ಸಂಜೆ ಹೇಳದೆ ಕೇಳದೆ ಬಾಗಿಲಲ್ಲಿ ನಿಂತರೆ ಏನು ಮಾಡಬೇಕೆಂಬುದನ್ನು ಕಲಿಯಬೇಕು. ನಾನು ತಡವಾಗಿ ಕಲಿತದ್ದು ಎರಡೇ ಮಾತು. ಮೊದಲು ಅವನು ಉಣ್ಣಲಿ, ಲೆಕ್ಕ ಕೇಳಬೇಡಿ. ನಾಲ್ಕು ದಿನ ಕಳೆದ ಮೇಲೆ ಅವನ ಕೈಗೆ ಒಪ್ಪುವ ಒಂದು ಕೆಲಸ ಕೊಡಿ. ಅದು ಎಷ್ಟೇ ಚಿಕ್ಕದಾಗಿರಲಿ, ಬೇಡವೆನ್ನಬೇಡಿ.

ನನ್ನ ಆ ಪುಸ್ತಕದ ಎರಡನೆಯ ಮುದ್ರಣ ಈ ವರ್ಷ ಬರಲಿದೆ. ಮುನ್ನುಡಿಗೆ ಒಂದು ಸಾಲು ಸೇರಿಸಿದ್ದೇನೆ.